ದ್ರೌಪದಿ ಬೇಡ, ಹುಡುಗ ಬೇಕು: ಬಳ್ಳಾರಿಯ ರಂಗನಟಿ ಕಾರ್ಟೂನ್ ಧ್ವನಿಯಾದ ಪ್ರಕರಣ

ಬಳ್ಳಾರಿ ಸುತ್ತಿನ ಹಳ್ಳಿ ನಾಟಕಗಳಲ್ಲಿ ಇಪ್ಪತ್ತು ವರ್ಷಕ್ಕೂ ಜಾಸ್ತಿ ಬಣ್ಣ ಹಚ್ಚಿದ ಕಲಾವಿದೆಯೊಬ್ಬರು ಈಗ ಟಿವಿಯಲ್ಲಿ ಎಂಟು ವರ್ಷದ ಹುಡುಗ. ಹಿಂದಿಯಿಂದ ಕನ್ನಡಕ್ಕೆ ಬರುವ ಒಂದು ಕಾರ್ಟೂನ್ ಸರಣಿಯಲ್ಲಿ ಆ ತುಂಟನ ಮಾತು, ನಗು, ಏದುಸಿರು, ಬಿದ್ದಾಗಿನ 'ಅಮ್ಮಾ' ಎಲ್ಲವೂ ಇವರದೇ. ವಯಸ್ಸು ನಲವತ್ತೈದರ ಆಸುಪಾಸು. ಹೆಸರು ಹಾಕಬೇಡಿ ಅಂದಿದ್ದಾರೆ, ಸರಣಿಯ ಹೆಸರೂ ಬೇಡವಂತೆ. ನಾಟಕದ ಹುಡುಗರೆಲ್ಲ ಅವರನ್ನು ಅಕ್ಕ ಅಂತಲೇ ಕರೆಯುತ್ತಾರೆ. ನಾನೂ ಹಾಗೇ ಬರೆಯುತ್ತೇನೆ.

ಈ ವಿಷಯ ಕೇಳಿದವರೆಲ್ಲ "ಅಷ್ಟು ವರ್ಷ ಸ್ಟೇಜ್ ಮೇಲೆ ಇದ್ದವರಿಗೆ ಮೈಕ್ ಮುಂದೆ ಮಾತಾಡೋದು ಯಾವ ಲೆಕ್ಕ" ಅನ್ನುತ್ತಾರೆ. ನಡೆದದ್ದು ನೋಡಿದರೆ ಹಾಗೆ ಅನಿಸುವುದಿಲ್ಲ. ಅಕ್ಕನಿಗೆ ಹೆಸರು ತಂದುಕೊಟ್ಟ ದೊಡ್ಡ ಪಾತ್ರಗಳೇ ಈ ಕೆಲಸಕ್ಕೆ ಅಡ್ಡ ಬಂದವು. ಯಾರೂ ಲೆಕ್ಕಕ್ಕೆ ಹಿಡಿಯದ ಎರಡು ಕೆಲಸಗಳು ಕೈ ಹಿಡಿದವು. ಒಂದು, ಚಿಕ್ಕವರಿದ್ದಾಗ ಮಾಡಿದ ಬಾಲಕರ ಪಾತ್ರ. ಇನ್ನೊಂದು, ಸೈಡ್‌ವಿಂಗಿನಲ್ಲಿ ಕೂತು ಮಾಡಿದ ಪ್ರಾಂಪ್ಟಿಂಗ್, ಅಂದರೆ ಸ್ಟೇಜಿನ ಪಕ್ಕದ ಮರೆಯಿಂದ ಪುಸ್ತಕ ನೋಡಿ ನಟರಿಗೆ ಮಾತು ಎತ್ತಿಕೊಡುವ ಕೆಲಸ.

ಮುಂಗಡ, ತಾಲೀಮು, ಬಣ್ಣ

ಹಳ್ಳಿ ನಾಟಕದ ವ್ಯವಹಾರ ಗೊತ್ತಿಲ್ಲದವರಿಗೆ ಸ್ವಲ್ಪ ಹೇಳಬೇಕು. ಸುಗ್ಗಿ ಮುಗಿದ ಮೇಲೆ ಜಾತ್ರೆಗೋ ಯುಗಾದಿಗೋ ಊರಿನ ಹುಡುಗರು ಸೇರಿ ಒಂದು ನಾಟಕ ಎತ್ತಿಕೊಳ್ಳುತ್ತಾರೆ. ಕಲಿಸಲು ಒಬ್ಬ ಮಾಸ್ಟರ್ ಬರುತ್ತಾರೆ, ಪೇಟಿ ನುಡಿಸುವುದೂ ಬಹುತೇಕ ಅವರೇ. ಸೀನರಿ, ಲೈಟು, ಮೈಕ್‌ಸೆಟ್ಟು ಎಲ್ಲ ಬಾಡಿಗೆಗೆ. ಗಂಡು ಪಾತ್ರಗಳು ಊರಿನವರಿಗೆ. ಹೆಣ್ಣು ಪಾತ್ರಗಳಿಗೆ ಬಳ್ಳಾರಿ, ಹೊಸಪೇಟೆ, ಗಂಗಾವತಿ ಕಡೆಯಿಂದ ಕಲಾವಿದೆಯರನ್ನು ಕರೆಸುತ್ತಾರೆ. ಮುಂಗಡ ಕೊಟ್ಟು ತಾರೀಕು ಹಿಡಿಯಬೇಕು. ಕಲಾವಿದೆ ತಾಲೀಮಿಗೆ ಬರುವುದು ಒಂದೋ ಎರಡೋ ಸಲ. ಕೆಲವು ಊರಿಗೆ ಅದೂ ಇಲ್ಲ, ನೇರ ಬಣ್ಣದ ಕೋಣೆಗೇ ಬಂದಿಳಿಯುತ್ತಾರೆ.

ಎದುರಿಗಿರುವ ಹೀರೋ ಹಗಲೆಲ್ಲ ಟ್ರ್ಯಾಕ್ಟರ್ ಹೊಡೆದು ಬಂದಿರುತ್ತಾನೆ. ರಾತ್ರಿ ಎರಡು ಗಂಟೆಗೆ ಮಾತು ಮರೆಯುತ್ತಾನೆ. ಅವನ ಮಾತನ್ನೂ ತನ್ನ ಮಾತಿನೊಳಗೇ ಸೇರಿಸಿ, ಜನಕ್ಕೆ ಗೊತ್ತಾಗದ ಹಾಗೆ ಸೀನು ದಾಟಿಸುವುದು ಕಲಾವಿದೆಯ ಕೆಲಸ. ಬಾಕಿ ದುಡ್ಡನ್ನು ಕೊನೆಯ ಅಂಕಕ್ಕೆ ಮುಂಚೆಯೇ ಕೇಳಿ ತೆಗೆದುಕೊಳ್ಳುವುದೂ ಅವರ ಕೆಲಸವೇ. ಬೆಳಗಾದರೆ ಲೆಕ್ಕ ಇಟ್ಟವನು ಕೈಗೆ ಸಿಗುವುದಿಲ್ಲ.

ಬಳ್ಳಾರಿಯಲ್ಲಿ ಈ ವೃತ್ತಿಗೆ ಒಂದು ಹಳೆಯ ಎಳೆ ಇದೆ. ವಕೀಲಿ ಮಾಡುತ್ತಲೇ ನಟರಾಗಿ ಹೆಸರಾದ ಬಳ್ಳಾರಿ ರಾಘವ (1880–1946) ಹೆಣ್ಣಿನ ಪಾತ್ರವನ್ನು ಹೆಣ್ಣುಮಕ್ಕಳೇ ಮಾಡಬೇಕು ಅಂತ ಪಟ್ಟು ಹಿಡಿದವರು. ಅವರ ಹೆಸರಿನ ಕಲಾಮಂದಿರ ಊರಲ್ಲಿದೆ. 2020ರಲ್ಲಿ ತೀರಿಕೊಂಡ ಸುಭದ್ರಮ್ಮ ಮನ್ಸೂರು ಅಂಥವರು ಇದೇ ಊರಲ್ಲಿದ್ದು ಬದುಕಿನುದ್ದಕ್ಕೂ ರಂಗದ ಮೇಲೆ ಹಾಡಿದರು, ಅಭಿನಯಿಸಿದರು. ಆದರೂ 'ನಾಟಕದವಳು' ಅನ್ನುವ ಕೊಂಕು ಹೋಗಿಲ್ಲ. ಬಾಡಿಗೆ ಮನೆ ಕೇಳಲು ಹೋದಾಗ ಅಕ್ಕ ಇವತ್ತಿಗೂ ಟೇಲರಿಂಗ್ ಮಾಡುತ್ತೇನೆ ಅಂತಲೇ ಹೇಳುತ್ತಾರೆ.

ಅಕ್ಕನ ತಾಯಿ ನಾಟಕ ಕಂಪನಿಯ ನಟಿ. ಹಾಗಾಗಿ ಅಕ್ಕ ಬೆಳೆದದ್ದು ಕ್ಯಾಂಪ್‌ನಿಂದ ಕ್ಯಾಂಪ್‌ಗೆ. ಜನವರಿ ಬಂದರೆ ಬಾದಾಮಿಯ ಬನಶಂಕರಿ ಜಾತ್ರೆ, ಅದು ಮುಗಿದರೆ ಇನ್ನೊಂದು ಊರು. ಓದು ಏಳನೇ ತರಗತಿಗೆ ನಿಂತಿತು. ಮಾತು ಚುರುಕು ಅಂತ ಆರೇಳು ವರ್ಷಕ್ಕೇ ಲೋಹಿತಾಶ್ವ ಮಾಡಿಸಿದರು. ಆಮೇಲೆ ಪ್ರಹ್ಲಾದ, ಲವ, ಬಾಲಕೃಷ್ಣ. ಹದಿನಾಲ್ಕು ತುಂಬುವವರೆಗೂ ಅವರು ರಂಗದ ಮೇಲೆ ಹುಡುಗಿಯಾದದ್ದೇ ಕಡಿಮೆ. ಮುಂದೆ ನಾಯಕಿ ಪಾತ್ರ ಬಂತು, ಮದುವೆ ಆಯಿತು. ಬಸುರಿಯಾಗಿದ್ದಾಗ ಬಣ್ಣ ಹಚ್ಚುವ ಹಾಗಿರಲಿಲ್ಲ, ಸುಮ್ನೆ ಕೂರಿಸಿ ಸಂಬಳ ಕೊಡಲು ಕಂಪನಿ ಮಾಲೀಕರಿಗೆ ಮನಸ್ಸಿರಲಿಲ್ಲ. ನಾಟಕದ ಪುಸ್ತಕ ಕೈಗೆ ಕೊಟ್ಟು ಸೈಡ್‌ವಿಂಗಿನಲ್ಲಿ ಕೂರಿಸಿದರು. ಮಗು ಹುಟ್ಟಿದ ಮೇಲೂ ಬಹಳ ದಿನ ಅದೇ ಕೆಲಸ. ಕಂಪನಿ ಮುಚ್ಚಿದಾಗ ಬಳ್ಳಾರಿಗೆ ಬಂದು ಹಳ್ಳಿ ನಾಟಕಗಳಿಗೆ ಹೋಗತೊಡಗಿದರು. ದ್ರೌಪದಿ ಮಾಡಿದರೆ ಇವರೇ ಮಾಡಬೇಕು ಅನ್ನುವಷ್ಟು ಹೆಸರಾಯಿತು.

ಯುಗಾದಿಯ ದಿನ ಬಿದ್ದ ಪರದೆ

2020ರ ಯುಗಾದಿ ಮಾರ್ಚ್ 25ಕ್ಕೆ ಬಂತು. ದೇಶದ ಲಾಕ್‌ಡೌನ್ ಶುರುವಾದದ್ದೂ ಅವತ್ತೇ. ಹಳ್ಳಿ ನಾಟಕದ ದುಡಿಮೆ ಅಂದರೆ ಶಿವರಾತ್ರಿಯಿಂದ ಮಳೆ ಬೀಳುವವರೆಗಿನ ಮೂರು ನಾಲ್ಕು ತಿಂಗಳು. ಮುಂಗಾರು ಬಂದರೆ ಹುಡುಗರು ಹೊಲಕ್ಕೆ, ಬಯಲಿನ ಸ್ಟೇಜು ಕೆಸರಿಗೆ. ಆ ಮೂರು ತಿಂಗಳ ದುಡ್ಡಿನಲ್ಲೇ ವರ್ಷದ ಸಾಲ, ಮಗಳ ಫೀಸು, ಅಕ್ಕಿ ಬೇಳೆ. ಆ ವರ್ಷ ಹಿಡಿದ ತಾರೀಕುಗಳೆಲ್ಲ ಒಂದೇ ವಾರದಲ್ಲಿ ಬಿದ್ದುಹೋದವು. ಕೆಲವು ಊರಿನವರು ಮುಂಗಡ ವಾಪಸ್ ಕೇಳಿದರು, ಕೆಲವರು "ಇರಲಿ ಅಕ್ಕಾರ, ಮುಂದಿನ ವರ್ಷಕ್ಕ ಹಿಡ್ಕೊಳ್ಳೋಣ" ಅಂದರು. ಹೊಲಿಗೆ ಮಷೀನು ಒಂದು ಇತ್ತು. ಮಾಸ್ಕ್ ಹೊಲಿದರು.

ಅದೇ ಹೊತ್ತಿಗೆ ಬೆಂಗಳೂರಿನಲ್ಲಿ ಬೇರೆ ಒಂದು ಬಾಗಿಲು ತೆರೆಯುತ್ತಿತ್ತು. ಧಾರಾವಾಹಿಗಳ ಶೂಟಿಂಗ್ ನಿಂತಿತ್ತು, ಚಾನೆಲ್‌ಗಳಿಗೆ ಹಾಕಲು ಏನೂ ಇರಲಿಲ್ಲ. ಸ್ಟಾರ್ ಸುವರ್ಣದಲ್ಲಿ ಕನ್ನಡಕ್ಕೆ ಡಬ್ ಆದ ಮಹಾಭಾರತ ಬಂದು ಮನೆಮನೆ ತಲುಪಿದ್ದು ಆಗಲೇ.

ಇದರ ಹಿಂದಿನ ಕಥೆ ಗೊತ್ತಿದ್ದವರಿಗೆ ಇದು ಎಂಥ ತಿರುವು ಅಂತ ಗೊತ್ತು. 1960ರ ದಶಕದಿಂದ ಕನ್ನಡದಲ್ಲಿ ಡಬ್ಬಿಂಗ್‌ಗೆ ಹೆಚ್ಚುಕಡಿಮೆ ಬಾಗಿಲು ಹಾಕಿತ್ತು. ಕಾನೂನಿನ ನಿಷೇಧ ಇರಲಿಲ್ಲ, ಚಿತ್ರರಂಗದ ಕಟ್ಟುಪಾಡು. ಮಕ್ಕಳ ಕಾರ್ಟೂನಿಗೆ ಮಾತ್ರ ಸ್ವಲ್ಪ ಸಂದಿ ಸಿಕ್ಕಿತ್ತು. 2009ರಲ್ಲಿ ಮಕ್ಕಳ ಚಾನೆಲ್ ಚಿಂಟು ಟಿವಿ ಶುರುವಾಗಿ ಕಾರ್ಟೂನುಗಳು ಕನ್ನಡ ಮಾತಾಡತೊಡಗಿದವು. 2015ರ ಜುಲೈನಲ್ಲಿ ಭಾರತೀಯ ಸ್ಪರ್ಧಾ ಆಯೋಗ ಡಬ್ಬಿಂಗ್ ತಡೆಯುವುದು ತಪ್ಪು ಅಂತ ಆದೇಶ ಕೊಟ್ಟಿತು. ಆಮೇಲೆ ನಿಧಾನವಾಗಿ ಸಿನಿಮಾ, ಸರಣಿ, ಓಟಿಟಿ ಎಲ್ಲ ಬಂದವು. ತಮಿಳು, ತೆಲುಗಿನಲ್ಲಿ ಎರಡು ಮೂರು ತಲೆಮಾರು ಇದೇ ಕೆಲಸ ಮಾಡಿ ಪಳಗಿವೆ. ನಮ್ಮಲ್ಲಿ ಕೆಲಸ ಒಮ್ಮೆಲೇ ಬಂತು, ಪಳಗಿದ ಧ್ವನಿಗಳು ಕಡಿಮೆ ಇದ್ದವು. ಅಕ್ಕನಂಥವರಿಗೆ ಒಂದು ಅವಕಾಶ ಸಿಕ್ಕಿದ್ದು ಈ ಕೊರತೆಯಿಂದ. ಡಬ್ಬಿಂಗ್ ಬಂದರೆ ಕನ್ನಡ ಕಲಾವಿದರ ಅನ್ನ ಹೋಗುತ್ತದೆ ಅನ್ನುವ ವಾದ ನಾನೂ ಬಹಳ ಕೇಳಿದ್ದೇನೆ. ಈ ಒಂದು ಮನೆಯ ಮಟ್ಟಿಗೆ ಅನ್ನ ಬಂದದ್ದೇ ಅದರಿಂದ.

ಕಂಪನಿಯಲ್ಲಿ ಜೊತೆಗಿದ್ದ ಒಬ್ಬ ಗೆಳತಿ ಧಾರಾವಾಹಿಗಳಲ್ಲಿ ಅತ್ತೆ ಪಾತ್ರ ಮಾಡಲು ಬೆಂಗಳೂರಿಗೆ ಹೋಗಿದ್ದರು. ಅವರು ಒಬ್ಬ ಡಬ್ಬಿಂಗ್ ಕೋ-ಆರ್ಡಿನೇಟರ್ ನಂಬರ್ ಕೊಟ್ಟರು. ಅಕ್ಕ ಫೋನಿನಲ್ಲಿ ದ್ರೌಪದಿಯ ಮಾತು ರೆಕಾರ್ಡ್ ಮಾಡಿ ವಾಟ್ಸಾಪ್‌ನಲ್ಲಿ ಕಳಿಸಿದರು. ಉತ್ತರ ಬರಲಿಲ್ಲ. ಬಸ್ಸು ರೈಲು ಓಡತೊಡಗಿದ ಮೇಲೆ ಗೆಳತಿಯೇ ಇನ್ನೊಂದು ಸ್ಟುಡಿಯೋದಲ್ಲಿ ವಾಯ್ಸ್ ಟೆಸ್ಟ್ ಗೊತ್ತು ಮಾಡಿದರು. ಅಕ್ಕ ರಾತ್ರಿ ಹಂಪಿ ಎಕ್ಸ್‌ಪ್ರೆಸ್ ಹತ್ತಿದರು.

ಟೆಸ್ಟ್‌ನ ದಿನ

ಆ ದಿನದ ವಿವರವನ್ನು ಅಕ್ಕನ ಬಾಯಿಂದಲೂ, ಆವತ್ತು ಒಳಗೆ ಕೂತಿದ್ದ ಡಬ್ಬಿಂಗ್ ಡೈರೆಕ್ಟರ್ ಬಾಯಿಂದಲೂ ಕೇಳಿದ್ದೇನೆ. ಇಬ್ಬರ ಮಾತೂ ತಾಳೆ ಆಗುತ್ತದೆ, ಹಾಗಾಗಿ ಧೈರ್ಯವಾಗಿ ಬರೆಯುತ್ತೇನೆ.

ಬೂತಿನೊಳಗೆ ಒಂದು ಮೈಕು, ಅದರ ಮುಂದೆ ಜಾಲರಿ, ಎದುರಿಗೆ ಟಿವಿ, ಪಕ್ಕದಲ್ಲಿ ಹಾಳೆ ಇಡುವ ಸ್ಟ್ಯಾಂಡು. ಕಿವಿಗೆ ಹೆಡ್‌ಫೋನ್, ಅದರಲ್ಲಿ ಹಿಂದಿ ಮಾತು. ಗಾಜಿನ ಆಚೆ ಡೈರೆಕ್ಟರ್ ಮತ್ತು ಇಂಜಿನಿಯರ್. ಅಕ್ಕ ಮೊದಲು ದ್ರೌಪದಿ ಹೇಳಿದರು. ಇಂಜಿನಿಯರ್ ಹೆಡ್‌ಫೋನ್ ಕಿವಿಯಿಂದ ದೂರ ಎತ್ತಿಕೊಂಡದ್ದು ಗಾಜಿನಲ್ಲಿ ಕಂಡಿತು. ಡೈರೆಕ್ಟರ್ ಬೂತಿನೊಳಗೆ ಕೇಳಿಸುವ ಟಾಕ್‌ಬ್ಯಾಕ್ ಮೈಕಿನಲ್ಲಿ, "ಚೆನ್ನಾಗಿದೆ ಮೇಡಂ. ಆದರೆ ನೀವು ಹಿಂದಿನ ಸಾಲಿನವರಿಗೆ ಹೇಳ್ತಾ ಇದೀರ. ನನ್ನೊಬ್ಬನಿಗೆ ಹೇಳಿ" ಅಂದರು. ಅಕ್ಕ ಹೆಜ್ಜೆ ಹಿಂದೆ ಸರಿದು ಮತ್ತೆ ಅಷ್ಟೇ ಜೋರಾಗಿ ಹೇಳಿದರು.

ಇದು ಅಕ್ಕನ ದೋಷ ಅಂತ ನಾನು ಹೇಳುವುದಿಲ್ಲ. ಹಳ್ಳಿ ಸ್ಟೇಜಿನಲ್ಲಿ ಎರಡೋ ಮೂರೋ ಮೈಕು ಮೇಲಿಂದ ಇಳಿಬಿಟ್ಟಿರುತ್ತಾರೆ. ಅದಕ್ಕೆ ಕೇಳಿಸಬೇಕು, ಗಾಳಿಗೆ ಮಾತು ಹಾರಿಹೋಗಬಾರದು, ಮಿರ್ಚಿ ಅಂಗಡಿಯ ಮುಂದೆ ನಿಂತವನೂ ತಿರುಗಿ ನೋಡಬೇಕು. ಇಪ್ಪತ್ತು ವರ್ಷ ಗಂಟಲಿಗೆ ಕಲಿಸಿದ್ದೇ ಅದು. ಸ್ಟುಡಿಯೋ ಮೈಕು ಬಾಯಿಂದ ಒಂದು ಗೇಣು ದೂರದಲ್ಲಿ ಇರುತ್ತದೆ, ತುಟಿ ಬಿಚ್ಚಿದ ಸದ್ದೂ ಅದಕ್ಕೆ ಕೇಳಿಸುತ್ತದೆ. ಆಕಾಶವಾಣಿ ನಾಟಕ ಮಾಡಿದವರಿಗೆ ಇದು ಗೊತ್ತಿರುತ್ತದೆ. ಅಕ್ಕ ರೇಡಿಯೋ ಮೆಟ್ಟಿಲು ಹತ್ತಿದವರಲ್ಲ.

ಎರಡನೇ ಸುತ್ತಿಗೆ ಹುಡುಗನ ಪಾತ್ರದ ಹಾಳೆ ಕೊಟ್ಟರು. ಅಕ್ಕ ಲೋಹಿತಾಶ್ವನ ಧ್ವನಿ ತೆಗೆದರು. ಎಳೆಯ ಧ್ವನಿ ಸರಿಯಾಗಿ ಬಂತು, ಡೈರೆಕ್ಟರ್ ಮುಖ ಅರಳಿತು. ಆದರೆ ಲೋಹಿತಾಶ್ವ ಅಳುವ ಹುಡುಗ. ಪ್ರತಿ ಮಾತಿನ ಕೊನೆಗೆ ಒಂದು ಎಳೆತ, ಕರುಣೆ. ಪರದೆಯ ಹುಡುಗ ಪಕ್ಕದ ಮನೆಯ ಮಾವಿನಕಾಯಿ ಕದಿಯುತ್ತಿದ್ದ. ಅವನ ಬಾಯಿ ಮುಚ್ಚಿದ ಮೇಲೂ ಅಕ್ಕನ ಮಾತು ಮುಂದುವರಿಯುತ್ತಿತ್ತು.

ಆಗ ಡೈರೆಕ್ಟರ್ ಬೇಸತ್ತು, "ಮೇಡಂ, ಆ್ಯಕ್ಟಿಂಗ್ ಬೇಡ. ಟೈಮಿಂಗ್ ನೋಡೋಕೆ ಸುಮ್ನೆ ಓದಿ, ಅವನ ಬಾಯಿ ನೋಡ್ಕೊಂಡು" ಅಂದರು. ಸುಮ್ಮನೆ ಓದುವುದು ಅಂದರೆ ಅಕ್ಕನಿಗೆ ಪ್ರಾಂಪ್ಟಿಂಗ್. ಕೈಯಲ್ಲಿ ಹಾಳೆ, ಕಣ್ಣು ಇನ್ನೊಬ್ಬರ ಬಾಯಿ ಮೇಲೆ, ಧ್ವನಿ ಸಣ್ಣದು, ಒಂದೊಂದು ಅಕ್ಷರ ಬಿಡಿಬಿಡಿಯಾಗಿ ಸ್ಪಷ್ಟ. ನಟ ಉಸಿರು ತೆಗೆದುಕೊಳ್ಳುವಾಗ ಮಾತು ಕೊಡಬೇಕು, ಅವನು ಬಾಯಿ ತೆರೆದಾಗ ನಿಲ್ಲಿಸಬೇಕು. ಅಕ್ಕ ಆ ಧ್ವನಿಯಲ್ಲಿ ಓದಿದರು. ಎಲ್ಲ ಸಾಲೂ ಹುಡುಗನ ಬಾಯಿಗೆ ಕೂತವು.

"ಇದೇ ಧ್ವನೀಲಿ ಹುಡುಗನ್ನ ಮಾಡಿ" ಅಂದರು ಡೈರೆಕ್ಟರ್. ಅಕ್ಕ ಕೇಳಿದ್ದು, "ಇಷ್ಟ ಸಾಕೇನ್ರೀ ಸರ್? ಯಾರಿಗೂ ಕೇಳ್ಸಂಗಿಲ್ಲಲ್ರೀ."

ಹೆಂಗಸರೇ ಯಾಕೆ

ಕಾರ್ಟೂನಿನ ಹುಡುಗರಿಗೆ ಹೆಂಗಸರ ಧ್ವನಿ ಹಾಕುವುದು ಲೋಕದಲ್ಲೆಲ್ಲ ಇರುವ ರೂಢಿ. ನಿಜವಾದ ಹುಡುಗನನ್ನು ತಂದರೆ ಹದಿಮೂರು ಹದಿನಾಲ್ಕಕ್ಕೆ ಅವನ ಗಂಟಲು ಒಡೆಯುತ್ತದೆ, ಪಾತ್ರಕ್ಕೆ ಮಾತ್ರ ವಯಸ್ಸಾಗುವುದಿಲ್ಲ. 2008ರಲ್ಲಿ ಶುರುವಾದ ಛೋಟಾ ಭೀಮ್ ಇವತ್ತಿಗೂ ಚಡ್ಡಿ ಹುಡುಗನೇ ಅಲ್ವಾ? ಜಪಾನಿನ ಮಸಾಕೋ ನೊಜಾವಾ ಹುಟ್ಟಿದ್ದು 1936ರಲ್ಲಿ. ಡ್ರ್ಯಾಗನ್ ಬಾಲ್ ಅನ್ನುವ ಕಾರ್ಟೂನಿನ ಗೋಕು ಪಾತ್ರಕ್ಕೆ 1986ರಿಂದ ಈ ನಟಿಯದೇ ಧ್ವನಿ. ಗೋಕು ಬೆಳೆದು ಗಂಡಸಾದ ಮೇಲೂ, ಅವನ ಮಕ್ಕಳಿಗೂ, ಅವರೇ. ಡೋರೇಮಾನ್ ಅನ್ನುವ ಬೆಕ್ಕಿಗೆ 1979ರಿಂದ 2005ರವರೆಗೆ ಧ್ವನಿಯಾಗಿದ್ದ ನೊಬುಯೊ ಒಯಾಮಾ ನಾಟಕದ ತರಬೇತಿ ಪಡೆದು ಬಂದವರು.

ಹಾಗಂತ ನಮ್ಮ ಕಡೆಗೆ ಇದು ತೀರಾ ಹೊಸದೂ ಅಲ್ಲ. ಕೊಪ್ಪಳದ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು, ತೊಗಲುಗೊಂಬೆ ಆಟಕ್ಕೆ. ಪರದೆಯ ಹಿಂದೆ ಕೂತು, ಮುಖ ತೋರಿಸದೆ, ಒಬ್ಬರೇ ಹಲವು ಗೊಂಬೆಗಳಿಗೆ ಮಾತು ಕೊಡುವ ಮನೆತನಗಳು ನಮ್ಮ ಜಿಲ್ಲೆಗಳಲ್ಲಿ ತಲೆತಲಾಂತರದಿಂದ ಇವೆ. ಡಬ್ಬಿಂಗ್ ಸ್ಟುಡಿಯೋಗಳು ಆ ಕಡೆ ಒಮ್ಮೆಯೂ ತಿರುಗಿ ನೋಡಿದ ಹಾಗಿಲ್ಲ. ನೋಡಬೇಕಿತ್ತು.

ಬಳೆ, ಎಲೆ ಅಡಿಕೆ, ಓಟ

ಟೆಸ್ಟ್ ಪಾಸಾದ ಮೇಲೆ ಕಲಿಯುವುದು ಶುರುವಾಯಿತು. ಮೊದಲ ಜಗಳ ಬಳೆಯದು. ಅಕ್ಕ ಕೈ ಆಡಿಸದೆ ಮಾತಾಡುವವರಲ್ಲ, ಪ್ರತಿ ಟೇಕಿನಲ್ಲೂ ಬಳೆ ಸದ್ದು. "ಬಳೆ ತೆಗೆದಿಟ್ಟು ಬನ್ನಿ" ಅಂದ ಹುಡುಗ ಇಂಜಿನಿಯರ್‌ಗೆ ಅಕ್ಕ, "ತಮ್ಮಾ, ಗಂಡ ಬದುಕ್ಯಾನ" ಅಂದರಂತೆ. ಅವನಿಗೆ ಅರ್ಥವಾಗಲಿಲ್ಲ. ಕೊನೆಗೆ ಎರಡು ಕರ್ಚೀಫಿನಲ್ಲಿ ಎರಡೂ ಕೈಯ ಬಳೆ ಬಿಗಿದು ಕಟ್ಟಿಕೊಂಡರು. ಈಗಲೂ ಹಾಗೇ. ರೇಷ್ಮೆ, ನೈಲಾನ್ ಸೀರೆ ಸರಸರ ಅನ್ನುತ್ತದೆ ಅಂತ ತೊಳೆದು ಮೆತ್ತಗಾದ ಕಾಟನ್ ಸೀರೆ. ಎಲೆ ಅಡಿಕೆ ಬಿಡಬೇಕಾಯಿತು, ಅದೇ ಎಲ್ಲಕ್ಕಿಂತ ಕಷ್ಟವಾದದ್ದು. ಅಡಿಕೆ ಅಗಿದ ಬಾಯಿ ಒಣಗಿ ಚಪ್ಪರಿಸುವ ಸದ್ದು ಬರುತ್ತದೆ, ಇಂಜಿನಿಯರ್ ಕೂತು ಒಂದೊಂದನ್ನೇ ಕತ್ತರಿಸಬೇಕಾಗುತ್ತದೆ.

ಓಡುವ ಸೀನು ಇನ್ನೊಂದು ತಲೆನೋವು. ಸ್ಟೇಜಿನ ಮೇಲೆ ಓಡಿದರೆ ಏದುಸಿರು ತಾನಾಗಿ ಬರುತ್ತದೆ. ಇಲ್ಲಿ ನಿಂತಲ್ಲೇ ನಿಲ್ಲಬೇಕು, ತಲೆ ಅಲ್ಲಾಡಿದರೂ ಧ್ವನಿ ಮೈಕಿನಿಂದ ಜಾರುತ್ತದೆ. ಅಕ್ಕ ಹೊಟ್ಟೆಯನ್ನು ಮಾತ್ರ ಕುಣಿಸಿ ಉಸಿರು ಬಿಡುವುದನ್ನು ತಾವೇ ಕಂಡುಕೊಂಡರು. ತಿನ್ನುವ ಸೀನಿಗೆ ಬಾಯಿಗೆ ಬೆರಳಿನ ಗಂಟು ಇಟ್ಟುಕೊಂಡು ಮಾತಾಡುತ್ತಾರೆ. ಇಂಥ ಸದ್ದುಗಳನ್ನು, ನಗು, ಬಿಕ್ಕು, ಬೀಳುವುದು, ಜಿಗಿಯುವುದು, ಮಾತೆಲ್ಲ ಮುಗಿದ ಮೇಲೆ ಕೊನೆಗೆ ತೆಗೆಯುತ್ತಾರೆ. ಕಿರುಚಿದ ಗಂಟಲು ಮತ್ತೆ ಎಳೆಯ ಧ್ವನಿಗೆ ಏರುವುದಿಲ್ಲ. ಈ ಕ್ರಮ ಗೊತ್ತಿಲ್ಲದ ಒಂದು ಕಡೆ ಬೆಳಗ್ಗೆಯೇ ಕಿರುಚಾಟದ ಸೀನು ಮಾಡಿಸಿದರು. ಮರುದಿನದಿಂದ ಧ್ವನಿ ಕಟ್ಟಿ, ಡಾಕ್ಟರು ಮಾತೇ ಆಡಬೇಡಿ ಅಂದರು. ಆ ವಾರದ ಕೆಲಸ ಬೇರೆಯವರಿಗೆ ಹೋಯಿತು.

ಕಣ್ಣಿಗೆ ಕಣ್ಣು ಕೊಟ್ಟು ಆಡುವ ನಟಿಗೆ ಎದುರಿಗೆ ಯಾರೂ ಇಲ್ಲದ ಅಭ್ಯಾಸ ಬರಲು ಬಹಳ ದಿನ ಹಿಡಿಯಿತು. ಒಬ್ಬೊಬ್ಬರನ್ನೇ ಕರೆಸಿ ಬೇರೆಬೇರೆಯಾಗಿ ರೆಕಾರ್ಡ್ ಮಾಡುತ್ತಾರೆ. ಹುಡುಗನ ಜಿಗರಿ ದೋಸ್ತ್‌ಗೆ ಧ್ವನಿ ಕೊಡುವವರನ್ನು ಅಕ್ಕ ಇವತ್ತಿನವರೆಗೂ ನೋಡಿಲ್ಲ.

ಮಾತು ಮರೆತ ಹೀರೋಗಳ ಜೊತೆ ಏಗಿದ್ದು ಮಾತ್ರ ಇಲ್ಲಿ ಚೆನ್ನಾಗಿ ಒದಗಿತು. ಕಾರ್ಟೂನಿನಲ್ಲಿ ತುಟಿ ಅಷ್ಟೇನೂ ತೊಂದರೆ ಕೊಡುವುದಿಲ್ಲ, ಬಾಯಿ ತೆರೆದು ಮುಚ್ಚಿದರೆ ಆಯಿತು. ಸಿನಿಮಾದ ಹಾಗೆ ಪ, ಬ, ಮ ಬಂದಲ್ಲೆಲ್ಲ ತುಟಿ ಕೂಡಿಸುವ ಕಾಟ ಕಡಿಮೆ. ಉದ್ದ ಮಾತ್ರ ಸರಿಯಾಗಿ ಹೊಂದಬೇಕು. ಒಂದು ಸಲ ಹಾಳೆಯಲ್ಲಿ 'ಅಯ್ಯೋ, ಎಲ್ಲರೂ ಬೇಗ ಓಡಿ, ಅವನು ಈ ಕಡೆಗೇ ಬರುತ್ತಿದ್ದಾನೆ' ಅಂತ ಇತ್ತು. ಪರದೆಯ ಹುಡುಗ ಎರಡು ಸಲ ಬಾಯಿ ತೆರೆದು ಓಡಿಯೇಬಿಟ್ಟಿದ್ದ. ಬರೆದವರಿಗೆ ಫೋನ್ ಮಾಡಬೇಕು ಅಂತ ಡೈರೆಕ್ಟರ್ ಅನ್ನುವಷ್ಟರಲ್ಲಿ ಅಕ್ಕ, "ಓಡ್ರೋ... ಬಂದ!" ಅಂದರು. ಅದೇ ಟೇಕ್ ಉಳಿಯಿತು. ಆಮೇಲೆ ಅವರ ಹಾಳೆಯ ಸಾಲುಗಳನ್ನು ಅಲ್ಲೇ ಮೊಟಕು ಮಾಡಲು ಬಿಟ್ಟರು. ಅದಕ್ಕೆ ಬೇರೆ ದುಡ್ಡು ಕೊಡಲಿಲ್ಲ ಅನ್ನುವುದನ್ನೂ ಇಲ್ಲೇ ಹೇಳಿಬಿಡುತ್ತೇನೆ.

ಭಾಷೆಯ ವಿಷಯದಲ್ಲಿ ನನಗೆ ಸ್ವಲ್ಪ ಸಿಟ್ಟಿದೆ. ಹುಡುಗ ಮಾತಾಡುವುದು ಬೆಂಗಳೂರಿನ ಅಪಾರ್ಟ್‌ಮೆಂಟ್ ಕನ್ನಡ. ಅಕ್ಕ ಅದನ್ನು ಕಲಿತರು, ಕಂಪನಿ ನಾಟಕದ ಗ್ರಾಂಥಿಕ ಮಾತು ಕಲಿತವರಿಗೆ ಇದೇನು ದೊಡ್ಡದಲ್ಲ. ಬಳ್ಳಾರಿಯ ಮಾತು ಬೇಕು ಅಂತ ಅವರನ್ನು ಕೇಳಿದ್ದು ಎರಡು ಪಾತ್ರಗಳಿಗೆ, ಒಬ್ಬ ಕಳ್ಳ, ಒಬ್ಬಳು ಜಗಳಗಂಟಿ ಮುದುಕಿ. ಸೀಮೆಯ ಭಾಷೆ ಅಂದರೆ ನಗಿಸಲು ಅಂತ ಬೂತಿನ ಆಚೆ ಕೂತವರು ತೀರ್ಮಾನ ಮಾಡಿಬಿಟ್ಟಿದ್ದಾರೆ. ಬಳ್ಳಾರಿ, ರಾಯಚೂರು, ಕೊಪ್ಪಳದ ಮಕ್ಕಳೂ ಅದೇ ಚಾನೆಲ್ ನೋಡುತ್ತಾರಲ್ಲ.

ಕೌದಿ ಕೋಣೆ

ಒಂದೇ ದಿನದ ಕೆಲಸಕ್ಕೆ ಎರಡು ರಾತ್ರಿ ರೈಲು. ಚಾರ್ಜು, ಊಟ ಕಳೆದರೆ ಕೈಗೆ ಉಳಿಯುವುದು ಅಷ್ಟಕ್ಕಷ್ಟೇ. ಕೋವಿಡ್‌ನ ಎರಡನೇ ಅಲೆಯಲ್ಲಿ ಮತ್ತೆ ಎಲ್ಲ ಮುಚ್ಚಿದಾಗ, ಮನೆಯಿಂದಲೇ ರೆಕಾರ್ಡ್ ಮಾಡಿ ಕಳಿಸಿ ಅಂದರು ಸ್ಟುಡಿಯೋದವರು. ಮಗಳು ಡಿಪ್ಲೊಮಾ ಓದುತ್ತಿದ್ದಳು, ಅವಳೇ ಇಂಜಿನಿಯರ್ ಆದಳು. ಮೈಕು, ಅದನ್ನು ಲ್ಯಾಪ್‌ಟಾಪಿಗೆ ಜೋಡಿಸುವ ಒಂದು ಆಡಿಯೋ ಇಂಟರ್‌ಫೇಸ್ ಕಂತಿನಲ್ಲಿ ಕೊಂಡರು. ಒಳಗಿನ ಕಿಟಕಿ ಇಲ್ಲದ ಸಾಮಾನು ಕೋಣೆಗೆ ಅಜ್ಜಿ ಹೊಲಿದ ಕೌದಿಗಳನ್ನು ನಾಲ್ಕೂ ಕಡೆ ಕಟ್ಟಿದರು. ಹಳೆಯ ಸೀರೆ ಪದರ ಪದರವಾಗಿ ಹೊಲಿದ ಕೌದಿ ಗೋಡೆಯ ಮಾರ್ದನಿಯನ್ನು ಚೆನ್ನಾಗಿ ಹೀರುತ್ತದೆ. ಸ್ಟುಡಿಯೋ ಕೇಳಿದ್ದು 48 ಕಿಲೋಹರ್ಟ್ಸ್, 24 ಬಿಟ್‌ನ ವೇವ್ ಫೈಲ್, ಹಿಂದೆ ಯಾವ ಗುಂಯ್ ಸದ್ದೂ ಇರಬಾರದು. ಮೊದಲು ಕಳಿಸಿದ ಫೈಲುಗಳು ಫ್ರಿಜ್ ಸದ್ದಿಗೆ ವಾಪಸ್ ಬಂದವು.

ಬಳ್ಳಾರಿಯ ಬೇಸಿಗೆ ಗೊತ್ತಿದ್ದವರು ಈ ಕೋಣೆಯನ್ನು ಊಹಿಸಿಕೊಳ್ಳಬಹುದು. ಹೊರಗೆ 40 ಡಿಗ್ರಿ ದಾಟಿರುತ್ತದೆ. ಒಳಗೆ ಸುತ್ತ ಕೌದಿ, ಫ್ಯಾನ್ ಹಾಕುವಂತಿಲ್ಲ, ಕೂಲರ್ ಮಾತೇ ಇಲ್ಲ. ಹಗಲಲ್ಲಿ ತರಕಾರಿ ಗಾಡಿಯ ಮೈಕು ಬೇರೆ. ಹಾಗಾಗಿ ಊರು ಮಲಗಿದ ಮೇಲೆ, ಹನ್ನೊಂದರಿಂದ ಎರಡರವರೆಗೆ ಕೆಲಸ. "ನಾಟಕದ ಟೈಮೇ ಆತು ಬಿಡ್ರಿ" ಅಂತ ಅಕ್ಕ ನಗುತ್ತಾರೆ. ಮೂರು ನಾಲ್ಕು ಸಾಲು ಹೇಳಿ ಹೊರಗೆ ಬಂದು ಬೆವರು ಒರೆಸಿಕೊಂಡು ಮತ್ತೆ ಒಳಗೆ. ಕರೆಂಟು ಹೋದರೆ ಲ್ಯಾಪ್‌ಟಾಪ್ ಬ್ಯಾಟರಿ ಇರುವವರೆಗೆ.

ನಿರ್ದೇಶನ ಫೋನಿನಲ್ಲೇ. ಇಲ್ಲಿ ಒಂದು ನಷ್ಟ ಆಯಿತು ಅನಿಸುತ್ತದೆ. ಸ್ಟುಡಿಯೋದಲ್ಲಿ ಮಾಡಿದ ಎಪಿಸೋಡುಗಳಲ್ಲಿ ಹುಡುಗ ಹೆಚ್ಚು ಉಡಾಳ, ಮನೆಯಲ್ಲಿ ಮಾಡಿದವುಗಳಲ್ಲಿ ಸ್ವಲ್ಪ ಸಭ್ಯ. ಪಕ್ಕದ ಕೋಣೆಯಲ್ಲಿ ಅತ್ತೆ ಮಲಗಿರುವಾಗ ಯಾವ ಸೊಸೆ ಬಾಯಿಬಿಟ್ಟು ಕೂಗಿಯಾಳು?

ದುಡ್ಡು, ಕಾಗದ

ನಾಯಕಿ ಪಾತ್ರದ ಒಂದು ರಾತ್ರಿಯ ದುಡ್ಡು ಒಂದು ಎಪಿಸೋಡಿನ ದುಡ್ಡಿಗಿಂತ ಜಾಸ್ತಿ. ಅದೂ ಕೈಯಲ್ಲಿ, ಅವತ್ತೇ. ಡಬ್ಬಿಂಗ್ ದುಡ್ಡು ಬಿಲ್ ಕೊಟ್ಟ ಎರಡು ಮೂರು ತಿಂಗಳಿಗೆ ಬ್ಯಾಂಕಿಗೆ ಬರುತ್ತದೆ, ಶೇಕಡಾ 10 ಟಿಡಿಎಸ್, ಅಂದರೆ ಕೊಡುವಾಗಲೇ ಮುರಿಯುವ ಆದಾಯ ತೆರಿಗೆ, ಹಿಡಿದು. ಅದನ್ನು ರಿಟರ್ನ್ ಹಾಕಿ ವಾಪಸ್ ಪಡೆಯಬಹುದು ಅಂತ ಅಕ್ಕನಿಗೆ ಯಾರೂ ಹೇಳಿರಲಿಲ್ಲ. ಬ್ಯಾಂಕಿನಲ್ಲಿ ಕೆಲಸ ಮಾಡುವ ಒಬ್ಬ ಹವ್ಯಾಸಿ ನಟ ಕೂತು ಮಾಡಿಕೊಟ್ಟ ಮೇಲೆ ಆ ದುಡ್ಡು ಬಂತು. ಒಬ್ಬ ಕೋ-ಆರ್ಡಿನೇಟರ್ ಒಂದು ಇಡೀ ಸರಣಿಯ ಬಾಕಿ ಉಳಿಸಿಕೊಂಡು ಫೋನ್ ಎತ್ತುವುದನ್ನೇ ಬಿಟ್ಟ. ಕೊನೆಯ ಅಂಕಕ್ಕೆ ಮುಂಚೆ ದುಡ್ಡು ಕೇಳುವ ಪದ್ಧತಿ ಅಲ್ಲಿ ಇಲ್ಲವಲ್ಲ. ಆದರೂ ಅಕ್ಕ ಈ ಕೆಲಸ ಬಿಡಲಿಲ್ಲ, ಕಾರಣ ಸರಳ. ಇದು ಮಳೆಗಾಲದಲ್ಲೂ ಬರುತ್ತದೆ.

ಸಹಿ ಹಾಕಿಸಿಕೊಂಡ ಕಾಗದದ ಬಗ್ಗೆಯೂ ಹೇಳಬೇಕು. ಇಂಗ್ಲಿಷಿನಲ್ಲಿತ್ತು, ಓದದೆ ಸಹಿ ಹಾಕಿದ್ದರು. ಧ್ವನಿಯನ್ನು ಎಲ್ಲಿ, ಯಾವಾಗ, ಯಾವ ರೀತಿ ಬೇಕಾದರೂ ಬಳಸಬಹುದು ಅಂತ ಅದರಲ್ಲಿದೆ. 2012ರಲ್ಲಿ ಕಾಪಿರೈಟ್ ಕಾಯ್ದೆಗೆ ತಿದ್ದುಪಡಿ ಬಂದು, ಪ್ರದರ್ಶನವನ್ನು ವ್ಯಾಪಾರಕ್ಕೆ ಬಳಸಿದರೆ ಕಲಾವಿದರಿಗೆ ರಾಯಧನದ ಹಕ್ಕಿದೆ ಅಂತಾಯಿತು. ಅಕ್ಕನಿಗೆ ಮರುಪ್ರಸಾರದಿಂದ ಈವರೆಗೆ ಏನೂ ಬಂದಿಲ್ಲ. ಈಗ ಕಂಪ್ಯೂಟರಿಗೆ ಧ್ವನಿ ಕಲಿಸುವ ಕಾಲ ಬೇರೆ ಬಂದಿದೆ. 2024ರ ಜುಲೈನಲ್ಲಿ ಗಾಯಕ ಅರಿಜಿತ್ ಸಿಂಗ್ ಅವರ ಧ್ವನಿಯನ್ನು ಹಾಗೆ ನಕಲು ಮಾಡುವುದಕ್ಕೆ ಬಾಂಬೆ ಹೈಕೋರ್ಟ್ ತಡೆ ಕೊಟ್ಟಿತು. ಅಷ್ಟು ದೊಡ್ಡ ಹೆಸರಿನವರಿಗೆ ಸಿಕ್ಕ ರಕ್ಷಣೆ ಪರದೆಯ ಮೇಲೆ ಹೆಸರೇ ಬಾರದವರಿಗೆ ಎಷ್ಟು ಸುಲಭವಾಗಿ ಸಿಕ್ಕೀತು? ಹೊಸ ಕಾಗದ ಬಂದಾಗ 'ಈ ಸರಣಿಗೆ ಮಾತ್ರ' ಅನ್ನುವ ಒಂದು ಸಾಲು ಸೇರಿಸಲು ಮಗಳು ಕೇಳಿದಳು. ಒಂದು ಕಡೆ ಒಪ್ಪಿದರು, ಇನ್ನೊಂದು ಕಡೆ ಕೆಲಸವೇ ಕೈತಪ್ಪಿತು.

ಹೆಸರಿನ ಮಾತು ಬಂತಲ್ಲ. ಹಳ್ಳಿ ನಾಟಕದ ಹ್ಯಾಂಡ್‌ಬಿಲ್ಲಿನಲ್ಲಿ ಅಕ್ಕನ ಫೋಟೋ ದೊಡ್ಡದಾಗಿ ಇರುತ್ತದೆ. ಕಾರ್ಟೂನಿನಲ್ಲಿ ಎಲ್ಲೂ ಇಲ್ಲ. ಅಕ್ಕನಿಗೆ ಇದರಿಂದ ಬೇಜಾರಿಗಿಂತ ನಿರಾಳವೇ ಜಾಸ್ತಿ ಇದ್ದ ಹಾಗೆ ಕಂಡಿತು. ರಸ್ತೆಯಲ್ಲಿ ಯಾರೂ ಕೊಂಕು ಆಡುವುದಿಲ್ಲ. 'ಟಿವಿ ಕೆಲಸ' ಅಂದ ಮೇಲೆ ಬಾಡಿಗೆ ಮನೆಯ ಯಜಮಾನತಿ ಅರಿಶಿನ ಕುಂಕುಮಕ್ಕೆ ಕರೆದರಂತೆ. ಗಂಟಲು ಅದೇ, ಮರ್ಯಾದೆ ಬೇರೆ. ನನಗೆ ಇದನ್ನು ಕೇಳಿ ಖುಷಿಯಾಗಲಿಲ್ಲ.

ಬೇರೆಯವರಿಗೆ ಆಗುತ್ತದೆಯೇ

ಅಕ್ಕನನ್ನು ನೋಡಿ ಇದೇ ಬಳಗದ ಇನ್ನೂ ಕೆಲವರು ಟೆಸ್ಟ್ ಕೊಟ್ಟರು. ಒಬ್ಬರು ರಂಗಗೀತೆಗೆ ಹೆಸರಾದವರು, ಎತ್ತರದ ಶ್ರುತಿಯಲ್ಲಿ ಬೆಳಗಿನವರೆಗೂ ಹಾಡಬಲ್ಲರು. ಅವರಿಗೆ ಧ್ವನಿ ಇಳಿಸಲು ಆಗಲೇ ಇಲ್ಲ, ಅವಮಾನ ಆದ ಹಾಗೆ ಎದ್ದು ಬಂದರು. ಇನ್ನೊಬ್ಬ ಚಿಕ್ಕ ವಯಸ್ಸಿನ ಹುಡುಗಿ, ಹಾಸ್ಯ ಪಾತ್ರದವಳು, ಪ್ರಾಂಪ್ಟಿಂಗ್ ಗೀಂಪ್ಟಿಂಗ್ ಏನೂ ಗೊತ್ತಿಲ್ಲ. ಮೊದಲ ದಿನವೇ ಒಂದು ಅಳಿಲಿನ ಪಾತ್ರ ಹಿಡಿದುಕೊಂಡು ಬಂದಳು. ದಿನವಿಡೀ ಫೋನಿನಲ್ಲಿ ರೀಲ್ಸ್ ಮಾಡಿ ತುಟಿ ಕೂಡಿಸುವುದು ಅವಳಿಗೆ ಆಟ ಆಗಿತ್ತು. ಅಂದರೆ ನಾನು ಮೇಲೆ ಹೇಳಿದ ಪ್ರಾಂಪ್ಟಿಂಗ್ ವಾದ ಅಕ್ಕನ ಪ್ರಕರಣಕ್ಕೆ ಹೊಂದುತ್ತದೆ, ಎಲ್ಲರಿಗೂ ಅನ್ನಲಾರೆ. ಎದುರಿನವರ ಬಾಯಿ ನೋಡಿ ಮಾತಾಡುವ ಅಭ್ಯಾಸ ಬೇಕು, ಅದು ಎಲ್ಲಿಂದ ಬಂದರೂ ಸರಿ. ನಮ್ಮ ನಾಟಕದ ಶಿಬಿರಗಳಲ್ಲಿ ಧ್ವನಿ ಎತ್ತರಿಸುವುದನ್ನು ಮಾತ್ರ ಕಲಿಸುತ್ತಾರೆ. ಮಕ್ಕಳನ್ನು ವಿಂಗಿನಲ್ಲಿ ಪುಸ್ತಕ ಕೊಟ್ಟು ಕೂರಿಸಿದರೆ ಖರ್ಚೇನೂ ಇಲ್ಲ.

ಸದ್ಯಕ್ಕೆ ಆ ಸರಣಿಯ ಹೊಸ ಕಂತುಗಳು ಬರುತ್ತಿವೆ, ತಿಂಗಳಿಗೆ ಇಷ್ಟೇ ಅಂತ ಲೆಕ್ಕ ಇಲ್ಲ. ಜಾತ್ರೆಗಳು ಮತ್ತೆ ಜೋರಾಗಿವೆ, ಮುಂಗಡ ಕೊಡಲು ಹುಡುಗರು ಬರುತ್ತಾರೆ. ಅಕ್ಕ ಎರಡನ್ನೂ ಬಿಟ್ಟಿಲ್ಲ. ನಾಟಕದ ಮರುದಿನ ಮತ್ತು ಅದರ ಮರುದಿನ ರೆಕಾರ್ಡಿಂಗ್ ಇಟ್ಟುಕೊಳ್ಳುವುದಿಲ್ಲ, ದ್ರೌಪದಿ ಕೂಗಿದ ಗಂಟಲಿಗೆ ಹುಡುಗ ಬರುವುದಿಲ್ಲ. ಕಳೆದ ಸೀಸನ್‌ನಿಂದ ಅವರು ದ್ರೌಪದಿಗೆ ತಾರೀಕು ಕೊಡುವುದನ್ನು ಕಡಿಮೆ ಮಾಡಿ, ಕೂಗಾಟ ಕಡಿಮೆ ಇರುವ ಸಾಮಾಜಿಕ ನಾಟಕದ ತಾಯಿ ಪಾತ್ರಗಳನ್ನು ಹಿಡಿಯುತ್ತಿದ್ದಾರೆ. ಊರಿನ ಹುಡುಗರು ಇದಕ್ಕೆ ಗೊಣಗುತ್ತಾರೆ. ರೇಟು ಮಾತ್ರ ಅದೇ ಇಟ್ಟಿದ್ದಾರೆ.